ಸಿಡಿಲಿಗೆ ಸತ್ತವರ ಮನೆಗೆ ಬರುವ ಕಂದಾಯ ಇಲಾಖೆ, ಲಾರಿ ಗುದ್ದಿ ಸತ್ತವರ ಮನೆಗೂ ಬರಲಿ

ಇವರಿಗೆ,
ಮಾನ್ಯ ಕಂದಾಯ ಸಚಿವರು ಮತ್ತು ಮಾನ್ಯ ಗೃಹ ಸಚಿವರು,
ಕರ್ನಾಟಕ ಸರ್ಕಾರ, ವಿಧಾನಸೌಧ, ಬೆಂಗಳೂರು.

ಮಾನ್ಯರೇ,

ವಿಷಯ: ಗುದ್ದಿ ಪರಾರಿಯಾದ ವಾಹನಗಳಿಂದ ಸತ್ತವರ ಕುಟುಂಬಗಳಿಗೆ ಕಾನೂನಿನಂತೆ ಸಿಗಬೇಕಾದ 2 ಲಕ್ಷ ರೂಪಾಯಿ ಪರಿಹಾರ ತಲುಪದಿರುವ ಬಗ್ಗೆ.

ನಾನು ತಾಲ್ಲೂಕು ಕಚೇರಿಯೊಂದರ ಕಾಂಪೌಂಡಿನ ಹೊರಗೆ ಮೇಜು ಹಾಕಿಕೊಂಡು ಅರ್ಜಿ ಬರೆದುಕೊಡುವವನು. ಇಪ್ಪತ್ತಾರು ವರ್ಷವಾಯಿತು. ಪೌತಿ ಖಾತೆ, ಪಹಣಿ ತಿದ್ದುಪಡಿ, ವಂಶವೃಕ್ಷ, ಜಾತಿ ಮತ್ತು ಆದಾಯ ಪ್ರಮಾಣಪತ್ರ, ವಿಧವಾ ವೇತನ, ಇವೇ ನನ್ನ ದಿನದ ಕೆಲಸ. ಮನೆಯ ಗಂಡಸು ಸತ್ತರೆ ತಿಥಿ ಮುಗಿದ ವಾರ ಹತ್ತು ದಿನಕ್ಕೆ ಆ ಮನೆಯ ಹೆಣ್ಣುಮಗಳು ನನ್ನ ಮೇಜಿನ ಮುಂದೆ ಬಂದು ನಿಲ್ಲುತ್ತಾಳೆ. ಜೊತೆಗೆ ತಮ್ಮನೋ ಮೈದುನನೋ ಇರುತ್ತಾನೆ. ಪ್ಲಾಸ್ಟಿಕ್ ಕವರಿನಲ್ಲಿ ಮರಣ ಪ್ರಮಾಣಪತ್ರ, ಆಧಾರ್, ರೇಷನ್ ಕಾರ್ಡ್ ಇರುತ್ತವೆ. ನಾನು ಹೆಸರು ಕೇಳುತ್ತೇನೆ, ಊರು ಕೇಳುತ್ತೇನೆ, ಸತ್ತ ದಿನಾಂಕ ಕೇಳುತ್ತೇನೆ. ಹೇಗೆ ಸತ್ತರು ಎಂದು ಕೇಳುತ್ತಿರಲಿಲ್ಲ. ಅರ್ಜಿಗೆ ಅದು ಬೇಕಿರಲಿಲ್ಲ.

ಆ ಒಂದು ಪ್ರಶ್ನೆ ಕೇಳದೆ ಹೋದದ್ದರಿಂದ ಎಷ್ಟು ಮನೆಗೆ ನಷ್ಟವಾಗಿದೆ ಎಂಬುದು ಗೊತ್ತಾದ ಮೇಲೆ ಈ ಪತ್ರ ಬರೆಯುತ್ತಿದ್ದೇನೆ.

2024ರ ಜನವರಿಯಲ್ಲಿ ಒಬ್ಬ ಹೆಣ್ಣುಮಗಳು ವಿಧವಾ ವೇತನದ ಅರ್ಜಿಗೆ ಬಂದರು. ಗಂಡ ಗಾರೆ ಕೆಲಸದವರು, 38 ವರ್ಷ. ಹಿಂದಿನ ನವೆಂಬರಿನಲ್ಲಿ ಬೆಳಗಿನ ಜಾವ ಕೆಲಸಕ್ಕೆ ಹೋಗುವಾಗ ಹೆದ್ದಾರಿಯಲ್ಲಿ ಹಿಂದಿನಿಂದ ಬಂದ ಯಾವುದೋ ಗಾಡಿ ಅವರ ಬೈಕಿಗೆ ಗುದ್ದಿ ನಿಲ್ಲಿಸದೆ ಹೋಗಿತ್ತು. ಹಾಲಿನ ಡೇರಿಗೆ ಹೊರಟವರು ನೋಡುವಷ್ಟರಲ್ಲಿ ಜೀವ ಇರಲಿಲ್ಲ. ಇಷ್ಟೆಲ್ಲ ನನಗೆ ಆಗ ಗೊತ್ತಿಲ್ಲ. ಅರ್ಜಿ ಬರೆದೆ, ಅಂಟಿಸಬೇಕಾದದ್ದು ಅಂಟಿಸಿದೆ, ನನ್ನ ಐವತ್ತು ರೂಪಾಯಿ ತೆಗೆದುಕೊಂಡು ಒಳಗೆ ಕಳುಹಿಸಿದೆ. ತಿಂಗಳಿಗೆ 800 ರೂಪಾಯಿ ವೇತನ ಮಂಜೂರಾಯಿತು.

ಆ ವರ್ಷದ ಡಿಸೆಂಬರಿನಲ್ಲಿ ಮಗಳ ಹಾಸ್ಟೆಲ್‌ಗೆ ಆದಾಯ ಪ್ರಮಾಣಪತ್ರ ಬೇಕೆಂದು ಅವರೇ ಮತ್ತೆ ಬಂದರು. ಅಷ್ಟರಲ್ಲಿ ನಾನು ಈ ಪರಿಹಾರದ ವಿಚಾರ ಪತ್ರಿಕೆಯಲ್ಲಿ ಓದಿದ್ದೆ. ಮೊದಲ ಸಲ ಕೇಳಿದೆ: "ಯಜಮಾನರು ಹೇಗೆ ತೀರಿಕೊಂಡರು ತಾಯಿ?"

"ಆಕ್ಸಿಡೆಂಟ್ ಕಣಣ್ಣ."

"ಗಾಡಿ ಸಿಕ್ತಾ?"

"ಎಲ್ಲಿ ಸಿಕ್ತು. ಸ್ಟೇಷನ್‌ಗೆ ಹೋದಾಗಲೆಲ್ಲ ಸಿಕ್ಕಿದ್ರೆ ಹೇಳ್ತೀವಿ ಹೋಗಮ್ಮ ಅಂತಾರೆ. ಈಗ ಹೋಗೋದು ಬಿಟ್ಬಿಟ್ಟಿದೀನಿ."

ಗಾಡಿ ಸಿಗದಿದ್ದರೂ ಹಣ ಬರುತ್ತದೆ ಎಂದು ಹದಿಮೂರು ತಿಂಗಳಲ್ಲಿ ಅವರಿಗೆ ಒಬ್ಬರೂ ಹೇಳಿರಲಿಲ್ಲ. ಎಫ್‌ಐಆರ್ ಬರೆದ ಪೊಲೀಸರು ಹೇಳಲಿಲ್ಲ. ಶವ ಕೊಟ್ಟ ಆಸ್ಪತ್ರೆ ಹೇಳಲಿಲ್ಲ. ವೇತನ ಮಂಜೂರು ಮಾಡಿದ ಕಚೇರಿ ಹೇಳಲಿಲ್ಲ. ಆ ಕಚೇರಿಯ ಬಾಗಿಲಲ್ಲೇ ಕೂತ ನಾನೂ ಹೇಳಲಿಲ್ಲ.

ಕಾನೂನು ಏನು ಹೇಳುತ್ತದೆಂದು ತಮಗೆ ತಿಳಿದೇ ಇದೆ. ಆದರೆ ಇದು ಬಹಿರಂಗ ಪತ್ರ, ಓದುವವರಲ್ಲಿ ಇಂಥ ಮನೆಯವರೂ ಇರಬಹುದು ಎಂದು ಬಿಡಿಸಿ ಬರೆಯುತ್ತೇನೆ. ಮೋಟಾರು ವಾಹನ ಕಾಯ್ದೆಯ 161ನೇ ಕಲಮಿನ ಪ್ರಕಾರ, ಪ್ರಯತ್ನಪಟ್ಟರೂ ಗುರುತು ಸಿಗದ ವಾಹನದಿಂದ ಸಾವಾದರೆ ಕುಟುಂಬಕ್ಕೆ 2 ಲಕ್ಷ ರೂಪಾಯಿ, ತೀವ್ರ ಗಾಯವಾದರೆ ಗಾಯಾಳುವಿಗೆ 50 ಸಾವಿರ ರೂಪಾಯಿ ಕೊಡಬೇಕು. ಮೊದಲು ಇದು 25 ಸಾವಿರ ಮತ್ತು 12,500 ಇತ್ತು. 2022ರ ಏಪ್ರಿಲ್ 1ರಿಂದ ಹೊಸ ಯೋಜನೆ ಜಾರಿಗೆ ಬಂದಿದೆ. ಇದಕ್ಕೆ ಕೋರ್ಟು ಬೇಡ, ವಕೀಲರು ಬೇಡ. ಉಪವಿಭಾಗಾಧಿಕಾರಿ ಅಥವಾ ತಹಶೀಲ್ದಾರ್ ಮಟ್ಟದ ಕಂದಾಯ ಅಧಿಕಾರಿಯೇ ವಿಚಾರಣಾಧಿಕಾರಿ. ಅವರು ಒಂದು ತಿಂಗಳಲ್ಲಿ ಜಿಲ್ಲಾಧಿಕಾರಿಗೆ ವರದಿ ಕೊಡಬೇಕು, ಜಿಲ್ಲಾಧಿಕಾರಿ ಹದಿನೈದು ದಿನದಲ್ಲಿ ಮಂಜೂರು ಮಾಡಬೇಕು, ಆಮೇಲಿನ ಹದಿನೈದು ದಿನದಲ್ಲಿ ಮುಂಬೈಯಲ್ಲಿರುವ ಜನರಲ್ ಇನ್ಶೂರೆನ್ಸ್ ಕೌನ್ಸಿಲ್ ನೇರವಾಗಿ ಬ್ಯಾಂಕ್ ಖಾತೆಗೆ ಹಣ ಹಾಕಬೇಕು. ಎಲ್ಲ ಸೇರಿ ಎರಡು ತಿಂಗಳು. ಈ ಹಣ ವಿಮಾ ಕಂಪನಿಗಳು ತುಂಬುವ ನಿಧಿಯಿಂದ ಬರುತ್ತದೆ. ನಮ್ಮ ರಾಜ್ಯದ ಬೊಕ್ಕಸಕ್ಕೆ ಇದರಿಂದ ಹೊರೆ ಇಲ್ಲ.

ಇಷ್ಟು ಸರಳವಾಗಿರುವ ಯೋಜನೆ ಜನರನ್ನು ಎಷ್ಟರ ಮಟ್ಟಿಗೆ ತಲುಪಿದೆ? 2022ರಲ್ಲಿ ದೇಶದಲ್ಲಿ ಇಂಥ ಅಪಘಾತಗಳು 67,387. ಸತ್ತವರು 30,486 ಜನ. ಇದು ಕೇಂದ್ರ ರಸ್ತೆ ಸಾರಿಗೆ ಸಚಿವಾಲಯವೇ ಪ್ರಕಟಿಸಿದ ಲೆಕ್ಕ. 2022-23ರ ಹಣಕಾಸು ವರ್ಷದಲ್ಲಿ ಪರಿಹಾರಕ್ಕೆ ಬಂದ ಅರ್ಜಿಗಳು 205. ಇತ್ಯರ್ಥವಾದದ್ದು 95. ಇದು ಸುಪ್ರೀಂ ಕೋರ್ಟಿನ ಮುಂದೆ ಬಂದ ಲೆಕ್ಕ. ಈ ಎರಡು ಲೆಕ್ಕಗಳನ್ನು ಒಂದೇ ಹಾಳೆಯಲ್ಲಿ ಬರೆದು ನೋಡಿದ ದಿನ ನನಗೆ ಊಟ ಸೇರಲಿಲ್ಲ.

ಇದನ್ನು ನೋಡಿಯೇ ಸುಪ್ರೀಂ ಕೋರ್ಟು 2024ರ ಜನವರಿ 12ರಂದು ಸ್ಪಷ್ಟ ಆದೇಶ ಕೊಟ್ಟಿದೆ. ಪ್ರಕರಣ ದಾಖಲಾಗಿ ಒಂದು ತಿಂಗಳಾದರೂ ವಾಹನದ ವಿವರ ಸಿಗದಿದ್ದರೆ, ಹೀಗೊಂದು ಪರಿಹಾರ ಇದೆ, ಇಂಥ ಕಚೇರಿಗೆ ಅರ್ಜಿ ಕೊಡಿ ಎಂದು ಪೊಲೀಸರು ಕುಟುಂಬಕ್ಕೆ ಬರವಣಿಗೆಯಲ್ಲಿ ತಿಳಿಸಬೇಕು. ಅಪಘಾತದ ವರದಿಯನ್ನೂ ವಾರಸುದಾರರ ಹೆಸರನ್ನೂ ಠಾಣಾಧಿಕಾರಿಯೇ ವಿಚಾರಣಾಧಿಕಾರಿಗೆ ಕಳುಹಿಸಬೇಕು. ಆಮೇಲೂ ಒಂದು ತಿಂಗಳು ಅರ್ಜಿ ಬರದಿದ್ದರೆ ವಿಚಾರಣಾಧಿಕಾರಿ ಜಿಲ್ಲಾ ಕಾನೂನು ಸೇವಾ ಪ್ರಾಧಿಕಾರಕ್ಕೆ ತಿಳಿಸಬೇಕು, ಅವರು ಆ ಮನೆಯವರನ್ನು ಹುಡುಕಿ ಅರ್ಜಿ ಹಾಕಿಸಬೇಕು. ಪ್ರತಿ ಜಿಲ್ಲೆಯಲ್ಲೂ ಒಂದು ಮೇಲ್ವಿಚಾರಣಾ ಸಮಿತಿ ಇರಬೇಕು, ಎರಡು ತಿಂಗಳಿಗೊಮ್ಮೆಯಾದರೂ ಸೇರಬೇಕು.

ಈ ಆದೇಶ ಬಂದ ತಿಂಗಳಲ್ಲೇ ಆ ಹೆಣ್ಣುಮಗಳು ನನ್ನ ಮೇಜಿನ ಮುಂದೆ ನಿಂತಿದ್ದರು. ಮುಂದಿನ ಹನ್ನೊಂದು ತಿಂಗಳು ಅವರಿಗೆ ಯಾವ ಕಾಗದವೂ ಬರಲಿಲ್ಲ.

ಅರ್ಜಿ ಬರೆದು ನಾನೇ ಅವರ ಜೊತೆ ಹೋದೆ. ಠಾಣೆಯಲ್ಲಿ, "ಕೇಸು ಇನ್ನೂ ತನಿಖೆಯಲ್ಲಿದೆ, ಗಾಡಿ ಸಿಗಲಿಲ್ಲ ಅಂತ ಈಗಲೇ ಹೆಂಗೆ ಬರೆದುಕೊಡೋದು" ಎಂದರು. ಹದಿಮೂರು ತಿಂಗಳು ಸಿಗದಿದ್ದ ಗಾಡಿ ಇನ್ಯಾವಾಗ ಸಿಗುತ್ತದೆ ಎಂದು ಕೇಳಿದರೆ, 'ಸಿ' ರಿಪೋರ್ಟ್, ಅಂದರೆ ಪತ್ತೆಯಾಗಲಿಲ್ಲವೆಂದು ಕೇಸು ಮುಚ್ಚುವ ವರದಿ, ಹಾಕಿದ ಮೇಲೆ ಬನ್ನಿ ಎಂದರು. ನಾನು ಇಪ್ಪತ್ತಾರು ವರ್ಷದಿಂದ ಬಲ್ಲ ತಾಲ್ಲೂಕು ಕಚೇರಿಯೊಳಗೆ ಹೋದರೆ ವಿಷಯ ನಿರ್ವಾಹಕರು ಅರ್ಜಿ ತಿರುವಿ ನೋಡಿ, "ಇದು ಆರ್‌ಟಿಒ ಕಚೇರಿಗೆ ಕೊಡಬೇಕಾದ್ದು" ಎಂದರು. ಆರ್‌ಟಿಒ ಕಚೇರಿಯವರು ಕೋರ್ಟಿಗೆ ಹೋಗಿ ಎಂದರು. ಕೊನೆಗೆ ಯೋಜನೆಯ ಅಧಿಸೂಚನೆಯ ಪ್ರತಿ ತೆಗೆಸಿ ಅರ್ಜಿಯ ಜೊತೆ ಲಗತ್ತಿಸಿದೆ. ಟಪಾಲಿನಲ್ಲಿ ಸ್ವೀಕೃತಿ ಸಿಕ್ಕಿತು. ಒಳಗಿದ್ದ ಹಿರಿಯ ಶಿರಸ್ತೇದಾರರು ಆ ಪ್ರತಿಯನ್ನು ಪೂರ್ತಿ ಓದಿ, "ಇಂಥದೊಂದು ನಮ್ಮ ಕೈಯಲ್ಲಿದೆ ಅಂತ ನಮಗೇ ಯಾರೂ ಹೇಳಿಲ್ಲವಲ್ಲ" ಎಂದರು. ಅವರ ಮಾತಿನಲ್ಲಿ ಸುಳ್ಳಿರಲಿಲ್ಲ. ಅವರ ಮೇಲೆ ನನಗೆ ದೂರಿಲ್ಲ. ಆಮೇಲೆ ಆ ಕಡತವನ್ನು ತಳ್ಳಿಕೊಂಡು ಹೋದವರೂ ಅವರೇ.

ಆದರೂ ಎರಡು ತಿಂಗಳ ಕೆಲಸಕ್ಕೆ ಒಂಬತ್ತು ತಿಂಗಳು ಹಿಡಿಯಿತು. ಪೊಲೀಸರ ಪತ್ರ ಇಲ್ಲವೆಂದು ಕಡತ ಒಮ್ಮೆ ವಾಪಸಾಯಿತು. ವಂಶವೃಕ್ಷ ಹಳೆಯದಾಯಿತೆಂದು ಇನ್ನೊಮ್ಮೆ. ಪಾಸ್‌ಬುಕ್ಕಿನಲ್ಲಿರುವ ಹೆಸರಿಗೂ ಆಧಾರಿನಲ್ಲಿರುವ ಹೆಸರಿಗೂ ಒಂದಕ್ಷರ ವ್ಯತ್ಯಾಸವೆಂದು ಮತ್ತೊಮ್ಮೆ. ಒಂದೊಂದು ಸಲ ಬರುವುದೆಂದರೂ ಆ ತಾಯಿಗೆ ಒಂದು ದಿನದ ಕೂಲಿ ಹೋಗುತ್ತದೆ. ಒಂದು ದಿನ ಮೆಟ್ಟಿಲ ಮೇಲೆ ಕೂತು, "ಬಿಡಣ್ಣ, ಅವರೇ ಹೋದ ಮೇಲೆ ದುಡ್ಡು ಬಂದು ಏನಾಗಬೇಕು" ಎಂದರು. ಮಗಳ ಓದಿನ ಮಾತೆತ್ತಿ ಎಬ್ಬಿಸಿಕೊಂಡು ಒಳಗೆ ಕರೆದುಕೊಂಡು ಹೋದೆ.

ಮಾನ್ಯ ಕಂದಾಯ ಸಚಿವರೇ, ಇಲ್ಲಿ ತಮ್ಮ ಇಲಾಖೆಯ ಒಂದು ಒಳ್ಳೆಯ ಕೆಲಸವನ್ನು ನೆನಪಿಸಬೇಕು. ಮುಂಗಾರಿಗೆ ಮುಂಚಿನ ಮಳೆಯಲ್ಲಿ ಹೊಲದಲ್ಲಿದ್ದವರಿಗೆ ಸಿಡಿಲು ಬಡಿದು ಸತ್ತರೆ ನಮ್ಮ ತಾಲ್ಲೂಕಿನಲ್ಲಿ ಏನಾಗುತ್ತದೆಂದು ಕಣ್ಣಾರೆ ಕಂಡಿದ್ದೇನೆ. ಗ್ರಾಮ ಆಡಳಿತಾಧಿಕಾರಿ ಅವತ್ತೇ ಮನೆಗೆ ಹೋಗುತ್ತಾರೆ. ಮರುದಿನ ತಹಶೀಲ್ದಾರರು ಹೋಗುತ್ತಾರೆ. ಮಹಜರು, ಮರಣೋತ್ತರ ಪರೀಕ್ಷೆಯ ವರದಿ, ಬ್ಯಾಂಕ್ ಖಾತೆಯ ವಿವರ ಎಲ್ಲವನ್ನೂ ಇಲಾಖೆಯೇ ಕೂಡಿಸಿಕೊಳ್ಳುತ್ತದೆ. ವಿಪತ್ತು ಪರಿಹಾರ ನಿಧಿಯ ನಿಯಮದಂತೆ 4 ಲಕ್ಷ ರೂಪಾಯಿಯ ಕಡತ ಓಡುತ್ತದೆ. ಆ ಮನೆಯವರು ಅರ್ಜಿ ಬರೆಸಲು ನನ್ನ ಹತ್ತಿರ ಬಂದದ್ದೇ ಇಲ್ಲ, ಬರುವ ಅಗತ್ಯವೇ ಬೀಳುವುದಿಲ್ಲ. ಮಣ್ಣು ಮಾಡುವ ಮೊದಲೇ ಸರ್ಕಾರ ಅಂಗಳದಲ್ಲಿ ನಿಂತಿರುತ್ತದೆ.

ಅದೇ ತಾಲ್ಲೂಕು, ಅದೇ ತಹಶೀಲ್ದಾರರು, ಅದೇ ಗ್ರಾಮ ಆಡಳಿತಾಧಿಕಾರಿ. ಸತ್ತದ್ದು ಸಿಡಿಲಿನಿಂದಲ್ಲ, ನಂಬರು ಸಿಗದ ಲಾರಿಯಿಂದ ಎಂದಾದರೆ ಒಬ್ಬರೂ ಹೋಗುವುದಿಲ್ಲ. ಎರಡರಲ್ಲೂ ಯಾರ ಮೇಲೆ ಮೊಕದ್ದಮೆ ಹೂಡಬೇಕೆಂದು ಮನೆಯವರಿಗೆ ಗೊತ್ತಿರುವುದಿಲ್ಲ. ಎರಡರಲ್ಲೂ ಹಣ ಕೊಡಬೇಕೆಂದು ಸರ್ಕಾರವೇ ಬರೆದಿಟ್ಟಿದೆ. ಒಂದರಲ್ಲಿ ಸರ್ಕಾರ ಮನೆಗೆ ಬರುತ್ತದೆ, ಇನ್ನೊಂದರಲ್ಲಿ ಮನೆಯವರು ಸರ್ಕಾರವನ್ನು ಹುಡುಕಿಕೊಂಡು ಅಲೆಯಬೇಕು. ಈ ವ್ಯತ್ಯಾಸ ಯಾವ ಕಾನೂನಿನಲ್ಲೂ ಇಲ್ಲ, ನಮ್ಮ ಕಚೇರಿಗಳ ರೂಢಿಯಲ್ಲಿದೆ. ರೂಢಿಯನ್ನು ತಾವು ಒಂದು ಸುತ್ತೋಲೆಯಿಂದ ಬದಲಿಸಬಹುದು.

ಗಾಡಿ ಸಿಕ್ಕ ಪ್ರಕರಣಗಳ ಬಗ್ಗೆಯೂ ಒಂದು ಮಾತು ಹೇಳಲೇಬೇಕು. ವಿಮೆ ಇರುವ ಗಾಡಿ ಸಿಕ್ಕಿಬಿದ್ದರೆ ಆಸ್ಪತ್ರೆಯ ಶವಾಗಾರದ ಹತ್ತಿರವೇ ಕೇಸು ಹಿಡಿಯುವವರು ಬಂದು ನಿಲ್ಲುತ್ತಾರೆ. ಕಾಗದಕ್ಕೆ ಸಹಿ ಹಾಕಿಸಿಕೊಳ್ಳುತ್ತಾರೆ, ಖರ್ಚು ತಾವೇ ನೋಡಿಕೊಳ್ಳುತ್ತೇವೆ ಎನ್ನುತ್ತಾರೆ. ಅದರಲ್ಲಿ ಅವರಿಗೆ ಪಾಲಿದೆ. ಗಾಡಿ ಸಿಗದ ಪ್ರಕರಣದಲ್ಲಿ ಯಾರಿಗೂ ಪಾಲಿಲ್ಲ, ಹಾಗಾಗಿ ಯಾರೂ ಬರುವುದಿಲ್ಲ. ಅಂಥ ಜಾಗದಲ್ಲೇ ಅಲ್ಲವೇ ಸರ್ಕಾರ ಇರಬೇಕಾದದ್ದು?

ಈ ಗಾರೆ ಕೆಲಸದವರಿಗೆ ಗುದ್ದಿದ ಗಾಡಿ ಸಿಕ್ಕಿ ಅದಕ್ಕೆ ವಿಮೆ ಇದ್ದಿದ್ದರೆ ಏನು ಸಿಗುತ್ತಿತ್ತು ಎಂದು ಪರಿಚಯದ ವಕೀಲರೊಬ್ಬರ ಹತ್ತಿರ ಕೇಳಿದೆ. ಸುಪ್ರೀಂ ಕೋರ್ಟು 2009 ಮತ್ತು 2017ರಲ್ಲಿ ಹಾಕಿಕೊಟ್ಟ ಲೆಕ್ಕದಂತೆ ಅವರು ಕಾಗದದ ಮೇಲೆ ಬರೆದು ತೋರಿಸಿದರು. ತಿಂಗಳಿಗೆ 15 ಸಾವಿರ ದುಡಿಮೆ ಎಂದಿಟ್ಟುಕೊಂಡರೆ ವರ್ಷಕ್ಕೆ 1 ಲಕ್ಷ 80 ಸಾವಿರ. ನಲವತ್ತರೊಳಗಿನ ಸ್ವಂತ ದುಡಿಮೆಯವರಿಗೆ ಮುಂದಿನ ಏಳಿಗೆಯ ಲೆಕ್ಕದಲ್ಲಿ ಶೇ. 40 ಸೇರಿಸಬೇಕು, 2 ಲಕ್ಷ 52 ಸಾವಿರವಾಯಿತು. ಹೆಂಡತಿ, ಇಬ್ಬರು ಮಕ್ಕಳು, ತಾಯಿ, ಹೀಗೆ ನಾಲ್ವರು ಅವಲಂಬಿತರಿರುವುದರಿಂದ ಸತ್ತವರ ಸ್ವಂತ ಖರ್ಚೆಂದು ಕಾಲು ಭಾಗ ಕಳೆದರೆ 1 ಲಕ್ಷ 89 ಸಾವಿರ. 38 ವರ್ಷದವರಿಗೆ ಗುಣಕ 15. ಗುಣಿಸಿದರೆ 28 ಲಕ್ಷ 35 ಸಾವಿರ. ಅಂತ್ಯಸಂಸ್ಕಾರ ಮುಂತಾದವು ಬೇರೆ.

ಚಾಲಕ ನಿಲ್ಲಿಸಿದ್ದರೆ ಆ ಮನೆಗೆ 28 ಲಕ್ಷಕ್ಕೂ ಮೇಲೆ. ಅವನು ಓಡಿಹೋದದ್ದಕ್ಕೆ 2 ಲಕ್ಷ. ಅದನ್ನೂ ಕೇಳಬಹುದೆಂದು ಯಾರೂ ಹೇಳದಿದ್ದರೆ ಏನೂ ಇಲ್ಲ. ಈ ಮೊತ್ತವನ್ನು ಕಾಲಕಾಲಕ್ಕೆ ಏರಿಸುವ ಬಗ್ಗೆ ಯೋಚಿಸಿ ಎಂದು ಅದೇ ಜನವರಿಯ ಆದೇಶದಲ್ಲಿ ಸುಪ್ರೀಂ ಕೋರ್ಟು ಕೇಂದ್ರ ಸರ್ಕಾರಕ್ಕೂ ಹೇಳಿದೆ. ಮೊತ್ತ ಏರಿಸುವುದು ತಮ್ಮ ಕೈಯಲ್ಲಿಲ್ಲ, ಬಲ್ಲೆ. ರಾಜ್ಯದ ಪರವಾಗಿ ಕೇಂದ್ರಕ್ಕೆ ಒಂದು ಪತ್ರ ಬರೆಯುವುದು ತಮ್ಮ ಕೈಯಲ್ಲಿದೆ.

ಮಾನ್ಯ ಗೃಹ ಸಚಿವರೇ, ಗಾಡಿ ಹುಡುಕುವ ಕೆಲಸದ ಬಗ್ಗೆಯೂ ಇಷ್ಟು ಅರಿಕೆ. ಗಾಡಿ ಸಿಗದ ಪ್ರತಿಯೊಂದು ಪ್ರಕರಣವೂ ಆ ಕುಟುಂಬಕ್ಕೆ ಇಪ್ಪತ್ತು ಮೂವತ್ತು ಲಕ್ಷದ ನಷ್ಟ ಎಂಬುದು ತನಿಖೆ ಮಾಡುವವರ ಮನಸ್ಸಿನಲ್ಲಿರಬೇಕು. ಈ ಪ್ರಕರಣದಲ್ಲಿ ಎರಡು ಕಿಲೋಮೀಟರ್ ಆಚೆ ಟೋಲ್ ಇತ್ತು, ಅದಕ್ಕೂ ಮುಂಚೆ ಒಂದು ಪೆಟ್ರೋಲ್ ಬಂಕ್ ಇತ್ತು. ಎರಡು ಕಡೆಯೂ ಕ್ಯಾಮೆರಾ ಇವೆ. ಬಂಕಿನ ಕ್ಯಾಮೆರಾದ ದೃಶ್ಯ ಕೇಳಲು ಪೊಲೀಸರು ಹೋದದ್ದು ಮೂರು ವಾರದ ನಂತರ. ಅಷ್ಟರಲ್ಲಿ ಹಳೆಯದು ಅಳಿಸಿಹೋಗಿತ್ತು. ಇದನ್ನು ನನಗೆ ಹೇಳಿದವರು ಆ ಹೆಣ್ಣುಮಗಳ ತಮ್ಮ. ಮೊದಲ ದಿನವೇ ಬಂಕಿಗೆ ಹೋಗಿ ಕೇಳಿದ್ದನಂತೆ. ಪೊಲೀಸರು ಬಂದರೆ ಮಾತ್ರ ಕೊಡುತ್ತೇವೆ ಎಂದು ಅವರು ಕಳುಹಿಸಿದ್ದರು.

ಇದೆಲ್ಲ ಆದ ಮೇಲೆ ನಾನು ಒಂದು ಕೆಲಸ ಮಾಡಿದೆ. ನನ್ನ ಹತ್ತಿರ ಲೆಕ್ಕದ ಪುಸ್ತಕಗಳಿವೆ. ಯಾವ ದಿನ ಯಾರಿಗೆ ಯಾವ ಅರ್ಜಿ ಬರೆದೆ, ಎಷ್ಟು ಪಡೆದೆ ಎಂದು ಬರೆದಿಡುವ ಅಭ್ಯಾಸ. 2022ರ ಏಪ್ರಿಲ್‌ನಿಂದ ಈಚಿನ ಪುಸ್ತಕ ತೆಗೆದು ವಿಧವಾ ವೇತನಕ್ಕೆ ಬಂದವರ ಹೆಸರು ಗುರುತು ಮಾಡಿಕೊಂಡೆ. ಫೋನು ಸಿಕ್ಕವರಿಗೆ ಫೋನು ಮಾಡಿದೆ, ಸಿಗದವರ ಊರಿಗೆ ಭಾನುವಾರಗಳಲ್ಲಿ ಹೋದೆ. ಗಂಡ ರಸ್ತೆಯಲ್ಲಿ ಸತ್ತು ಗಾಡಿ ಸಿಗದೆ ಹೋದ ಮನೆಗಳು ಇನ್ನೂ ಏಳು ಸಿಕ್ಕವು. ಏಳರಲ್ಲಿ ಒಬ್ಬರಿಗೂ ಠಾಣೆಯಿಂದ ಪತ್ರ ಬಂದಿರಲಿಲ್ಲ. ಏಳರಲ್ಲಿ ಒಬ್ಬರಿಗೂ ಈ ಯೋಜನೆಯ ಹೆಸರು ಗೊತ್ತಿರಲಿಲ್ಲ. ಒಂದು ಮನೆಯಲ್ಲಿ ಅತ್ತೆ ಮಾತ್ರ ಇದ್ದರು. ಸೊಸೆ ಮಕ್ಕಳನ್ನು ಕರೆದುಕೊಂಡು ಬೆಂಗಳೂರಿಗೆ ಗಾರ್ಮೆಂಟ್ಸ್ ಕೆಲಸಕ್ಕೆ ಹೋಗಿದ್ದರು. ಇನ್ನೊಂದು ಮನೆಯವರು ಆಸ್ಪತ್ರೆ ಖರ್ಚಿಗೆ ಮಾಡಿದ ಸಾಲಕ್ಕೆ ಹನ್ನೆರಡು ಗುಂಟೆ ಜಮೀನು ಭೋಗ್ಯಕ್ಕೆ ಹಾಕಿದ್ದರು. ಆ ಭೋಗ್ಯದ ಪತ್ರ ಬರೆದವನೂ ನಾನೇ. 2 ಲಕ್ಷ ಸಕಾಲಕ್ಕೆ ಬಂದಿದ್ದರೆ ಆ ಜಮೀನು ಅವರ ಕೈಯಲ್ಲೇ ಇರುತ್ತಿತ್ತು.

ಒಬ್ಬ ಅರ್ಜಿ ಬರಹಗಾರನ ಪುಸ್ತಕದಲ್ಲಿ ಏಳು. ನಮ್ಮ ಕಚೇರಿಯ ಮುಂದೆ ನನ್ನಂತೆ ಇನ್ನೂ ಐದು ಮೇಜುಗಳಿವೆ.

ಆದ್ದರಿಂದ ತಮ್ಮಲ್ಲಿ ಕೇಳಿಕೊಳ್ಳುವುದು ಇಷ್ಟು. ಪ್ರಕರಣ ದಾಖಲಾದ ಮೂವತ್ತೊಂದನೆಯ ದಿನ ವಾಹನ ಸಿಕ್ಕಿರದಿದ್ದರೆ ಆ ಮನೆಗೆ ಕನ್ನಡದಲ್ಲಿ ಬರೆದ ಒಂದು ಪತ್ರ ಹೋಗಬೇಕು. ಬೀಟ್ ಪೊಲೀಸರು ಅದನ್ನು ಕೈಯಾರೆ ಕೊಟ್ಟು, ಓದಿ ಹೇಳಿ, ಸಹಿ ಪಡೆಯಬೇಕು. ತನಿಖೆ ಮುಂದುವರಿದಿದೆ ಎಂಬುದು ಈ ಪತ್ರ ತಡೆಯಲು ಕಾರಣವಾಗಬಾರದು, 'ಸಿ' ರಿಪೋರ್ಟಿಗೆ ಕಾಯಿಸಬಾರದು. ಮುಂದೆ ಗಾಡಿ ಸಿಕ್ಕಿ ಬೇರೆ ಪರಿಹಾರ ಬಂದರೆ ಈ ಹಣ ವಾಪಸ್ ಕೊಡುತ್ತೇನೆ ಎಂದು ಅರ್ಜಿದಾರರು ಮೊದಲೇ ಮುಚ್ಚಳಿಕೆ ಬರೆದುಕೊಡುತ್ತಾರೆ, ಹಾಗಾಗಿ ಯಾರಿಗೂ ನಷ್ಟವಿಲ್ಲ. ಅದೇ ದಿನ ಅದರ ಪ್ರತಿ ಕಂದಾಯ ಇಲಾಖೆಗೆ ಹೋಗಬೇಕು, ಅದು ಬಂದ ಕೂಡಲೇ ಗ್ರಾಮ ಆಡಳಿತಾಧಿಕಾರಿ ಸಿಡಿಲಿನ ಸಾವಿಗೆ ಹೋಗುವಂತೆಯೇ ಆ ಮನೆಗೆ ಹೋಗಿ ಅರ್ಜಿ ತುಂಬಿಸಿಕೊಂಡು ಬರಬೇಕು. ಎಫ್‌ಐಆರ್, ಮರಣೋತ್ತರ ಪರೀಕ್ಷೆಯ ವರದಿಗಳನ್ನು ಒಂದು ಇಲಾಖೆ ಇನ್ನೊಂದು ಇಲಾಖೆಯಿಂದ ತರಿಸಿಕೊಳ್ಳಲಿ. ಗಂಡನನ್ನು ಕಳೆದುಕೊಂಡವರ ಕೈಯಲ್ಲಿ ಆ ಕಾಗದ ಹೊರಿಸಿ ತಿರುಗಿಸುವುದು ಬೇಡ.

ವಿಧವಾ ವೇತನದ ಅರ್ಜಿ ನಮೂನೆಯಲ್ಲಿ ಒಂದು ಸಾಲು ಸೇರಿಸಿ: ಸಾವು ರಸ್ತೆ ಅಪಘಾತದಿಂದಲೇ, ವಾಹನ ಪತ್ತೆಯಾಗಿದೆಯೇ? ಠಾಣೆ ತಪ್ಪಿಸಿದ್ದು ನಾಡಕಚೇರಿಯಲ್ಲಾದರೂ ಸಿಕ್ಕಿಬೀಳುತ್ತದೆ. ಇದು ನನ್ನ ಕಸುಬಿನಿಂದ ಬಂದ ಸಲಹೆ, ಇದಕ್ಕೆ ಖರ್ಚೂ ಇಲ್ಲ.

ಜಿಲ್ಲಾ ಮೇಲ್ವಿಚಾರಣಾ ಸಮಿತಿ ಎಷ್ಟು ಸಲ ಸೇರಿತು, ಜಿಲ್ಲೆಯಲ್ಲಿ ಇಂಥ ಸಾವು ಎಷ್ಟು, ಹಣ ತಲುಪಿದ್ದು ಎಷ್ಟು ಮನೆಗೆ ಎಂಬ ಲೆಕ್ಕವನ್ನು ಎರಡು ತಿಂಗಳಿಗೊಮ್ಮೆ ಜಿಲ್ಲಾಧಿಕಾರಿ ಕಚೇರಿಯ ಸೂಚನಾ ಫಲಕದಲ್ಲಿ ಹಾಕಿಸಿ. ಎಲ್ಲಕ್ಕಿಂತ ಮುಖ್ಯವಾಗಿ, 2022ರ ಏಪ್ರಿಲ್ 1ರಿಂದ ಈವರೆಗೆ ವಾಹನ ಪತ್ತೆಯಾಗದೆ ಮುಚ್ಚಿದ ಕಡತಗಳನ್ನು ಪ್ರತಿ ಠಾಣೆಯಲ್ಲೂ ಹೊರತೆಗೆಸಿ ಆ ಮನೆಗಳನ್ನು ಹುಡುಕಿಸಿ. ಅವರು ತಾವಾಗಿ ಬರುವುದಿಲ್ಲ. ಬರಬೇಕೆಂದು ಅವರಿಗೆ ಗೊತ್ತಿಲ್ಲ.

ಗಾರೆ ಕೆಲಸದವರ ಮನೆಗೆ ಕಳೆದ ಸೆಪ್ಟೆಂಬರಿನಲ್ಲಿ ಹಣ ಬಂತು. ಉಳಿದ ಏಳು ಮನೆಗಳ ಅರ್ಜಿಗಳನ್ನು ನಾನು ಬರೆದಿದ್ದೇನೆ, ದುಡ್ಡು ಪಡೆದಿಲ್ಲ. ಐದು ಅರ್ಜಿಗಳಿಗೆ ಪೊಲೀಸರ ಪತ್ರ ಇನ್ನೂ ಸಿಕ್ಕಿಲ್ಲ. ಎರಡು ಅರ್ಜಿಗಳು ಮೇಲಿನ ಕಚೇರಿಯಲ್ಲಿವೆ. ಏಳೂ ಮನೆಯವರ ಒಪ್ಪಿಗೆ ಪಡೆದು, ಅವರ ಹೆಸರು, ಎಫ್‌ಐಆರ್ ಸಂಖ್ಯೆ, ಸ್ವೀಕೃತಿಯ ದಿನಾಂಕ ಬರೆದ ಪಟ್ಟಿಯನ್ನು ತಮ್ಮಿಬ್ಬರ ಕಚೇರಿಗಳಿಗೂ ಪ್ರತ್ಯೇಕವಾಗಿ ರಿಜಿಸ್ಟರ್ಡ್ ಅಂಚೆಯಲ್ಲಿ ಕಳುಹಿಸಿದ್ದೇನೆ. ಅವರ ಹೆಸರು ಬೀದಿಗೆ ಬರುವುದು ಬೇಡವೆಂದು ಇಲ್ಲಿ ಬರೆದಿಲ್ಲ. ಆ ಪಟ್ಟಿಯಿಂದಲೇ ಶುರು ಮಾಡಿ ಎಂದು ಕೈಮುಗಿದು ಕೇಳಿಕೊಳ್ಳುತ್ತೇನೆ.

ಇಂತಿ ತಮ್ಮ ವಿಶ್ವಾಸಿ,
ತಾಲ್ಲೂಕು ಕಚೇರಿ ಮುಂದಿನ ಒಬ್ಬ ಅರ್ಜಿ ಬರಹಗಾರ